ಹಿಮದಾಚೆ ಹೋದ ಮಾವನ ವೈಕುಂಠ ಸಮಾರಾಧನೆ

ನನ್ನ ಗಂಡ ಶ್ರೀನಿವಾಸ ಸತ್ತಿದ್ದು ತೊಂಬತ್ತೇಳನೆಯ ಇಸವಿಯಲ್ಲಿ. ಅವನು ಸತ್ತನೆಂದು ಬಾಯಿ ಬಿಟ್ಟು ಅಳಲು ನನಗೆ ಸಾಧ್ಯವಾದದ್ದು ಎರಡು ಸಾವಿರದ ಐದರಲ್ಲಿ. ನಡುವಿನ ಅಷ್ಟೂ ವರ್ಷಗಳನ್ನು ತಿಂದು ತೇಗಿದವನು ಮುರಳೀಧರ, ನನ್ನ ಅತ್ತೆಯ ಖಾಸಾ ತಮ್ಮ. ಎದುರಿಗೆ ನಾನು ಅವನನ್ನು ಮಾವ ಎಂದೂ ನೀವು ಎಂದೂ ಕರೆಯುತ್ತಿದ್ದೆ. ಇಲ್ಲಿ ಹಾಗೆ ಕರೆಯುವ ದರ್ದು ನನಗಿಲ್ಲ.

ಶ್ರೀನಿವಾಸ ಸರಕು ಹಡಗಿನಲ್ಲಿ ಎಂಜಿನಿಯರ್. ಆಫ್ರಿಕಾದ ತುದಿ ದಾಟಿ ಆಸ್ಟ್ರೇಲಿಯಾ ಕಡೆಗೆ ಹೋಗುವಾಗ ಬಿರುಗಾಳಿಗೆ ಸಿಕ್ಕಿ ಹಡಗು ಮುಳುಗಿತು. ಯಾರೂ ಉಳಿಯಲಿಲ್ಲ, ಯಾರ ಹೆಣವೂ ಸಿಗಲಿಲ್ಲ. ನಮ್ಮ ಮಗಳು ಕೃತಿ ಆಗ ಇನ್ನೂ ಕೈಗೂಸು. ಕಂಪನಿಯವರು ಮದ್ರಾಸಿನ ಪೆರಂಬೂರಿನಲ್ಲಿದ್ದ ನಮ್ಮ ಮನೆಗೇ ಬಂದು, ನಡುಮನೆಯಲ್ಲಿ ಕೂತು, ತಲೆ ತಗ್ಗಿಸಿ ಹೇಳಿಹೋದರು. ಹಡಗಿನವರು ಕೊನೆಯ ಸಲ ವೈರ್‌ಲೆಸ್ಸಿನಲ್ಲಿ ಮಾತಾಡಿದಾಗ ದಕ್ಷಿಣಕ್ಕೆ ಹಿಮದ ಗಡ್ಡೆಗಳು ಕಾಣುತ್ತಿವೆ ಎಂದಿದ್ದರಂತೆ. ಕಂಪನಿಯವರು ಅದನ್ನು ನಮಗೆ ಹೇಳಬಾರದಿತ್ತು. ಮುರಳೀಧರನಿಗೆ ಆ ಒಂದು ಮಾತು ಸಾಕಾಯಿತು.

ಅವನು ರೈಲ್ವೆ ವರ್ಕ್‌ಶಾಪಿನಲ್ಲಿ ನಕ್ಷೆ ಬರೆಯುವ ಕೆಲಸದಲ್ಲಿದ್ದು, ಅಧಿಕಾರಿಗಳ ಜೊತೆ ಜಗಳವಾಡಿ ಬಿಟ್ಟು ಬಂದವನು. ಮದುವೆಯಾಗಿರಲಿಲ್ಲ. ನಮ್ಮ ಮನೆಯ ಮಹಡಿಯ ಮೇಲೆ ಇರುತ್ತಿದ್ದ. ಭೂಮಿ ಗುಂಡಗಿಲ್ಲ ಎಂದು ಅವನಿಗೆ ಯಾವ ಜನ್ಮದಲ್ಲಿ ಹೊಳೆದಿತ್ತೋ ಗೊತ್ತಿಲ್ಲ. ಅದುವರೆಗೆ ಅದು ಮನೆಯಲ್ಲಿ ಎಲ್ಲರೂ ನಗುವ ವಿಷಯವಾಗಿತ್ತು, ಶ್ರೀನಿವಾಸನೂ ಅವನನ್ನು ಕಾಡಿಸುತ್ತಿದ್ದ. ಕಂಪನಿಯವರು ಹೋದ ಸಂಜೆ ಅವನು ಅಡುಗೆಮನೆಯಿಂದ ಅಂಚಿರುವ ದೊಡ್ಡ ಹರಿವಾಣ ತಂದು, ಅದಕ್ಕೆ ನೀರು ಸುರಿದು, ಗೋಡೆಗೆ ಒರಗಿ ಕೂತಿದ್ದ ಅತ್ತೆಯ ಮುಂದೆ ಇಟ್ಟ.

“ಅಳಬೇಡ ಕಣಕ್ಕ. ನೋಡಿಲ್ಲಿ. ಭೂಮಿ ಅಂದ್ರೆ ಇಷ್ಟೇ. ಈ ನೀರು ಯಾಕೆ ಚೆಲ್ಲಲ್ಲ ಹೇಳು? ಅಂಚಿದೆ, ಅದಕ್ಕೆ. ಆ ಅಂಚೇ ಹಿಮದ ಗೋಡೆ. ಅದರಾಚೆ ಬೇಕಾದಷ್ಟು ನೆಲ ಇದೆ, ಕಾಡಿದೆ, ಊರಿದೆ, ಬೇರೆ ಸೂರ್ಯನೇ ಇದಾನೆ. ಸರ್ಕಾರದೋರು ಮುಚ್ಚಿಟ್ಟಿದಾರೆ. ನಮ್ಮ ಪುರಾಣದಲ್ಲಿ ಏಳು ದ್ವೀಪ ಅಂತಿಲ್ವಾ? ಸೀನು ಹಡಗು ಗೋಡೆ ದಾಟಿದೆ ಅಷ್ಟೇ. ಅವನು ಮುಳುಗಿಲ್ಲ.”

“ಬದುಕಿದಾನಾ?” ಎಂದರು ಅತ್ತೆ.

“ನನಗಿಂತ ಚೆನ್ನಾಗಿದಾನೆ.”

ಅತ್ತೆ ನಾಗರತ್ನಮ್ಮ ಎದ್ದು ಮುಖ ತೊಳೆದುಕೊಂಡರು. ಮಗನ ಹೆಸರಿನಲ್ಲಿ ದೇವರಿಗೆ ದೀಪ ಹಚ್ಚಿದರು. ನಾನು ಆ ಹರಿವಾಣವನ್ನು ಎತ್ತಿಕೊಂಡು ಹೋಗಿ ಬಚ್ಚಲಲ್ಲಿ ನೀರು ಚೆಲ್ಲಿದೆ. ನನಗೆ ಬೇರೆ ಏನಾದರೂ ಚೆಲ್ಲಬೇಕೆನ್ನಿಸಿತ್ತು, ಅವನ ಮುಖದ ಮೇಲೆ.

ಅಂದಿನಿಂದ ಶುರುವಾಯಿತು. ಉತ್ತರಕ್ರಿಯೆ ಇಲ್ಲ, ಸೂತಕ ಇಲ್ಲ, ವರ್ಷಾಬ್ದಿಕ ಇಲ್ಲ. ಶ್ರೀನಿವಾಸನ ದಾಯಾದಿ ಅಣ್ಣ ರಾಮದಾಸ ಬಂದು, ಹೆಣ ಸಿಗದವರಿಗೆ ದರ್ಭೆಯಲ್ಲಿ ಗೊಂಬೆ ಮಾಡಿ ಸುಡುವ ಶಾಸ್ತ್ರ ಇದೆ, ಮಾಡೋಣ ಎಂದ. ಅತ್ತೆ ಅವನಿಗೆ ಕಾಫಿ ಕೂಡ ಕೊಡದೆ ಹೊರಗೆ ಕಳಿಸಿದರು. ಬದುಕಿರೋನಿಗೆ ಬೆಂಕಿ ಇಡ್ತೀಯಾ ಎಂದು ಬೀದಿಗೆ ಕೇಳುವ ಹಾಗೆ ಕೂಗಿದರು. ಪ್ರತಿ ವರ್ಷ ಶ್ರೀನಿವಾಸನ ಹುಟ್ಟುಹಬ್ಬಕ್ಕೆ ಪಾಯಸ ಮಾಡಿಸಿದರು, ನನಗೆ ರೇಷ್ಮೆ ಸೀರೆ ಉಡಿಸಿದರು. ನಾನು ಬ್ಯಾಂಕಿನ ಕೆಲಸದಿಂದ ಬಂದು, ಹೂವು ಮುಡಿದು, ಸತ್ತ ಗಂಡನ ಆಯುಷ್ಯಕ್ಕೆ ಆರತಿ ಎತ್ತಿದೆ. ಒಮ್ಮೆ ಒಲೆಯ ಮುಂದೆ ನಿಂತು ಅತ್ತಿದ್ದನ್ನು ಮುರಳೀಧರ ನೋಡಿಬಿಟ್ಟ.

“ಅಳಬೇಡ ಗುಣವತಿ, ಅಪಶಕುನ. ಇಲ್ಲಿ ಅತ್ರೆ ಅಲ್ಲಿ ಅವನಿಗೆ ಕಾಯಿಲೆ ಆಗುತ್ತೆ.”

ಅತ್ತೆ ಹೆದರಿದರು. ಅಂದಿನಿಂದ ನಾನು ಸ್ನಾನದ ಮನೆಯಲ್ಲಿ ಕೊಳಾಯಿ ಬಿಟ್ಟುಕೊಂಡು ಅಳುವುದೂ ನಿಂತಿತು, ಏಕೆಂದರೆ ಅತ್ತೆ ಬಾಗಿಲ ಹೊರಗೆ ನಿಂತು ಕಿವಿಗೊಡುತ್ತಿದ್ದರು. ಅವರ ಮೇಲೆ ನನಗೆ ಸಿಟ್ಟಿರಲಿಲ್ಲ. ಹೆತ್ತವಳಿಗೆ ಮಗ ಇದ್ದಾನೆ ಎಂದರೆ ಯಾರು ನಂಬುವುದಿಲ್ಲ? ನನ್ನ ಹೊಟ್ಟೆ ಉರಿದದ್ದೆಲ್ಲ ಅವನ ಮೇಲೆ. ನನ್ನ ಗಂಡನ ಅಂಗಿ ತೊಟ್ಟುಕೊಂಡು, ನನ್ನ ಗಂಡನ ಆರಾಮ ಕುರ್ಚಿಯಲ್ಲಿ ಕಾಲು ಚಾಚಿಕೊಂಡು, ನನ್ನ ಗಂಡನ ಸುದ್ದಿಯನ್ನು ನನಗೇ ಹೇಳುತ್ತಿದ್ದ. ಇವತ್ತು ಸೀನು ಕಿತ್ತಳೆ ತೋಟದಲ್ಲಿದ್ದಾನೆ. ಇವತ್ತು ಸೀನುಗೆ ಗಡ್ಡ ಬಂದಿದೆ. ಕೇಳಲು ಭಾನುವಾರದ ಸಂಜೆ ಜನವೂ ಸೇರತೊಡಗಿದರು. ಬ್ಯಾಂಕಿನಿಂದ ನಿವೃತ್ತರಾದ ಸೀತಾರಾಮ ಅವರಂಥ ಓದಿದವರೇ ಮಹಡಿಯ ಮೇಲೆ ಚಾಪೆ ಹಾಸಿಕೊಂಡು ಕೂತು, ಗೋಡೆಯ ಮೇಲೆ ಅವನು ಬರೆದಿದ್ದ ಚಪ್ಪಟೆ ಭೂಮಿಯ ನಕ್ಷೆಗೆ ಕೈ ಮುಗಿಯುತ್ತಿದ್ದರು. ಅವನ ಕೈಬರಹ ಚೆನ್ನಾಗಿತ್ತು, ಅದನ್ನು ಒಪ್ಪಲೇಬೇಕು. ಸುಳ್ಳಿನ ದೇಶಕ್ಕೂ ನದಿ, ಬೆಟ್ಟ, ಬಂದರು ಎಲ್ಲ ಅಚ್ಚುಕಟ್ಟಾಗಿ ಬರೆದಿದ್ದ.

ಎರಡು ಸಾವಿರದ ನಾಲ್ಕರ ಹೊತ್ತಿಗೆ ಭಕ್ತರಿಗೆ ಬೇಸರ ಬರತೊಡಗಿತು. ಎಷ್ಟು ವರ್ಷ ಕಿತ್ತಳೆ ತೋಟದ ಕಥೆ ಕೇಳುತ್ತಾರೆ? ಯಾರೋ ಒಬ್ಬರು, ಸಾರ್, ನೀವೇ ಒಮ್ಮೆ ಹೋಗಿ ಬನ್ನಿ ಎಂದರು. ಹೋಗುತ್ತೇನೆ ಎಂದುಬಿಟ್ಟ. ಶಿವರಾತ್ರಿಗೆ ವಾಪಸು ಬರುತ್ತೇನೆ, ಸೀನುವಿನ ಸುದ್ದಿ ತರುತ್ತೇನೆ, ಸಾಕ್ಷಿಯನ್ನೂ ತರುತ್ತೇನೆ ಎಂದ. ಡಿಸೆಂಬರಿನ ಒಂದು ಬೆಳಿಗ್ಗೆ ಕಾಸಿಮೇಡಿನ ಬಂದರಿನಲ್ಲಿ, ಮೀನಿನ ಹರಾಜಿನ ಕೂಗಾಟದ ನಡುವೆ, ಮೂಗಿಗೆ ಸೆರಗು ಒತ್ತಿಕೊಂಡ ನಮ್ಮ ಹೆಂಗಸರು ಅವನಿಗೆ ಆರತಿ ಎತ್ತಿದರು. ಅವನು ಶ್ರೀನಿವಾಸನ ಕಂದು ಬಣ್ಣದ ಸ್ವೆಟರ್ ಹೆಗಲ ಮೇಲೆ ಹಾಕಿಕೊಂಡು ದೋಣಿ ಹತ್ತಿದ. ಮದ್ರಾಸಿನ ಸೆಕೆಯಲ್ಲಿ ಸ್ವೆಟರು! ಅತ್ತೆ ಮಗನಿಗೆಂದು ಹುಳಿಯನ್ನದ ಗೊಜ್ಜು ಕಟ್ಟಿಕೊಟ್ಟರು. ದೋಣಿ ಬಂದರು ದಾಟಿ ಮರೆಯಾಯಿತು.

ಅದೇ ತಿಂಗಳ ಕೊನೆಗೆ ಸಮುದ್ರ ಉಕ್ಕಿ ಬಂತು. ಆ ಭಾನುವಾರ ನಮ್ಮ ಕರಾವಳಿಯಲ್ಲಿ ಏನಾಯಿತೆಂದು ಎಲ್ಲರಿಗೂ ಗೊತ್ತು, ಅದನ್ನು ವರ್ಣಿಸಲು ನನಗೆ ಮನಸ್ಸಿಲ್ಲ. ಪೆರಂಬೂರು ದಡದಿಂದ ಒಳಗಿದ್ದುದರಿಂದ ನಮಗೆ ಏನೂ ಆಗಲಿಲ್ಲ. ಮುರಳೀಧರ ಹೋದ ಎಂದು ಭಕ್ತರೆಲ್ಲ ಬಂದು ಅತ್ತರು. ನಿಜ ಹೇಳಬೇಕೆಂದರೆ ನನಗೂ ಅಯ್ಯೋ ಅನ್ನಿಸಿತು. ಹಾಳಾದವನು, ಸಾಯಬೇಕಿರಲಿಲ್ಲ ಎಂದುಕೊಂಡೆ. ಅತ್ತೆ ಮಾತ್ರ, ಅಲೆ ಬರೋ ಹೊತ್ತಿಗೆ ಮುರಳಿ ಗೋಡೆ ದಾಟಿರ್ತಾನೆ ಎಂದು ಜಪ ಮಾಡುತ್ತಾ ಕೂತರು. ಊಟ ಅರ್ಧಕ್ಕೆ ಬಿಟ್ಟರು, ನಿದ್ದೆ ಬಿಟ್ಟರು. ಫೋನ್ ಬಡಿದುಕೊಂಡರೆ ಜಪ ಬಿಟ್ಟು ಓಡುತ್ತಿದ್ದರು.

ಹೊಸ ವರ್ಷದ ಮೊದಲ ವಾರದಲ್ಲಿ ನನ್ನ ಜೊತೆ ಕೆಲಸ ಮಾಡುವ ಜಲಜಾ ಹರಕೆ ತೀರಿಸಲು ವಡಪಳನಿಯ ಮುರುಗನ ಗುಡಿಗೆ ಹೊರಟಳು. ನನ್ನನ್ನೂ ಕರೆದುಕೊಂಡು ಹೋದಳು. ದರ್ಶನ ಮುಗಿಸಿ ಅಡ್ಡದಾರಿಯಲ್ಲಿ ಬಸ್ಸಿಗೆ ಬರುತ್ತಿದ್ದೆವು. ಸಿನಿಮಾ ಸೆಟ್ಟಿಗೆ ಬಣ್ಣ ಬಳಿಯುವವರ ಶೆಡ್ಡೊಂದರ ಗೇಟು ಅರ್ಧ ತೆರೆದಿತ್ತು. ಒಳಗೆ ಥರ್ಮೋಕೋಲಿನ ದೊಡ್ಡ ದೊಡ್ಡ ಬಂಡೆಗಳು. ನೆಲದ ತುಂಬ ಕಲ್ಲುಪ್ಪು ಚೆಲ್ಲಿತ್ತು. ಅದರ ನಡುವೆ ಕಂದು ಸ್ವೆಟರ್ ತೊಟ್ಟು, ಹುಬ್ಬಿನ ಮೇಲೆ ಕೈ ಅಡ್ಡ ಹಿಡಿದು, ದೂರದ ದೇಶ ನೋಡುವವನ ಹಾಗೆ ಮುರಳೀಧರ ನಿಂತಿದ್ದ. ಬೆವರು ಇಳಿಯುತ್ತಿತ್ತು.

“ಸಾರ್, ಸಿರಿಕ್ಕಾದೀಂಗ! ಕುಳಿರುದು ಮಾದಿರಿ ನಿಲ್ಲುಂಗ!” ನಗಬೇಡಿ, ಚಳಿಯಾದ ಹಾಗೆ ನಿಲ್ಲಿ ಎಂದು ಕ್ಯಾಮೆರಾ ಹಿಡಿದವನು ಗದರುತ್ತಿದ್ದ.

ಜಲಜಾ ಕೂಗಲು ಬಾಯಿ ತೆರೆದಳು. ನಾನು ಅವಳ ಬಾಯಿಗೆ ಕೈ ಒತ್ತಿದೆ. ಮನೆಯಲ್ಲಿ ಇವನ ಅಕ್ಕ ಅನ್ನ ಬಿಟ್ಟು ಕೂತಿದ್ದಾರೆ. ಊರಿಗೆ ಊರೇ ಹೆಣ ಹುಡುಕುತ್ತಿದೆ. ಇವನು ಅಲೆಯ ಆಚೆಯಿಂದ ಎದ್ದು ಬಂದವನಾಗಲು ಫೋಟೋ ತೆಗೆಸಿಕೊಳ್ಳುತ್ತಿದ್ದಾನೆ. ಅಲೆ ಬಂದದ್ದೇ ಅವನಿಗೆ ಅನುಕೂಲವಾಗಿ ಹೋಯಿತು! ಆಗಲೇ ಒಳಗೆ ನುಗ್ಗಿ ಕೆನ್ನೆಗೆ ಬಾರಿಸಬಹುದಿತ್ತು. ಬಾರಿಸಿದರೆ ಒಂದು ಏಟು, ಒಂದು ದಿನದ ಗಲಾಟೆ. ಸಂಜೆಗೆ ಅದಕ್ಕೂ ಒಂದು ಕಥೆ ಕಟ್ಟಿ ಅತ್ತೆಯ ಕೈಯಲ್ಲಿ ಕಾಫಿ ಕುಡಿಯುತ್ತಿದ್ದ. ನನಗೆ ಅಷ್ಟು ಸಾಕಾಗುವುದಿಲ್ಲ ಎಂದು ಅಲ್ಲೇ ಗೊತ್ತಾಯಿತು.

“ಏನ್ ಮಾಡ್ತೀಯೇ?” ಎಂದಳು ಜಲಜಾ, ಬಸ್ಸಿನಲ್ಲಿ.

“ಸತ್ತಿದಾನೆ ಅಂತ ಎಲ್ಲರೂ ಅಂತಿದಾರಲ್ಲ. ಮುಂದಿನದ್ದನ್ನ ಮಾಡೋಣ.”

ಮರುದಿನ ಬೆಳಿಗ್ಗೆ ಅತ್ತೆಯ ಹತ್ತಿರ ಹೋಗಿ ಕೂತೆ. ಕನಸು ಬಿತ್ತು ಎಂದೆ. ಸೀನುವೂ ಮಾವನೂ ಹಿಮದ ಗೋಡೆಯ ಬುಡದಲ್ಲಿ ನಿಂತಿದ್ದರು, ಗಡಗಡ ನಡುಗುತ್ತಿದ್ದರು, ಬಾಗಿಲು ತೆರೆಯುತ್ತಿರಲಿಲ್ಲ ಎಂದೆ. ಯಾಕೆಂದು ಕೇಳಿದರೆ, ಈ ಕಡೆಯವರು ಬೆಂಕಿ ಕೊಟ್ಟಿಲ್ಲ, ನೀರು ಬಿಟ್ಟಿಲ್ಲ, ಅದಕ್ಕೇ ಒಳಗೆ ಬಿಡುತ್ತಿಲ್ಲ ಎಂದರು ಎಂದೆ. ಅವನು ಏಳು ವರ್ಷ ಇಟ್ಟ ಹೂವನ್ನೇ ನಾನು ಅತ್ತೆಯ ಕಿವಿಗೆ ಒಂದೇ ಬೆಳಗಿನಲ್ಲಿ ಇಟ್ಟೆ. ಮಾತು ಎಷ್ಟು ಸರಾಗವಾಗಿ ಬಂತೆಂದರೆ ನನಗೇ ಆಶ್ಚರ್ಯವಾಯಿತು.

ಅತ್ತೆ ಜಪದ ಸರ ಕೆಳಗಿಟ್ಟರು.

“ಚಳಿಯಾಗ್ತಿತ್ತಾ ಅವನಿಗೆ?”

“ತುಂಬಾ ಅತ್ತೆ. ತುಟಿ ನೀಲಿ ಆಗಿತ್ತು.”

“ಅವನಿಗೆ ಚಿಕ್ಕಂದಿನಿಂದ್ಲೂ ಚಳಿ ತಡೆಯಲ್ಲ,” ಎಂದು ಸೆರಗಿನಿಂದ ಕಣ್ಣೊರೆಸಿಕೊಂಡರು. “ರಾಮದಾಸನಿಗೆ ಹೇಳು. ಇಬ್ಬರಿಗೂ ಮಾಡಿಸು.”

ಪುರೋಹಿತರಿಗೆ ಆ ತಿಂಗಳು ಇಂಥ ಕೆಲಸ ಹೊಸದಾಗಿರಲಿಲ್ಲ. ಸಮುದ್ರಕ್ಕೆ ಹೋದವರು, ಹೆಣ ಸಿಗದವರು ಎಂದರೆ ಮುಂದೆ ಏನನ್ನೂ ಕೇಳುತ್ತಿರಲಿಲ್ಲ. ಮುರಳೀಧರನಿಗೆ ಮಕ್ಕಳಿಲ್ಲದ್ದರಿಂದ ರಾಮದಾಸನೇ ಇಬ್ಬರಿಗೂ ಕರ್ತೃವಾಗಲಿ ಎಂದರು. ಓಟೇರಿಯ ಸ್ಮಶಾನದಲ್ಲಿ ದರ್ಭೆಯ ಎರಡು ಗೊಂಬೆಗಳನ್ನು ಮಾಡಿ, ಬಟ್ಟೆ ಹೊದಿಸಿ, ತಲೆಯ ಕಡೆ ತೆಂಗಿನಕಾಯಿ ಇಟ್ಟು ಮಲಗಿಸಿದರು. ಹೆಂಗಸರು ಬರುವ ಹಾಗಿಲ್ಲ ಎಂದು ರಾಮದಾಸ ಹೇಳಿದ. ನಾನು ಹೋದೆ. ಶ್ರೀನಿವಾಸನ ಗೊಂಬೆಗೆ ಬೆಂಕಿ ತಾಗಿದಾಗ ನನ್ನ ಗಂಟಲಿನಿಂದ ಹೊರಟ ಶಬ್ದ ಕೇಳಿ ಅಲ್ಲಿನ ಕೆಲಸದವರೂ ತಿರುಗಿ ನೋಡಿದರು. ಏಳು ವರ್ಷದ್ದು ಒಟ್ಟಿಗೆ ಬಂತು. ನೆಲಕ್ಕೆ ಕೂತು, ಮಣ್ಣಿಗೆ ಕೈ ಬಡಿದು, ಅವನ ಹೆಸರು ಹಿಡಿದು ಕೂಗಿ ಅತ್ತುಬಿಟ್ಟೆ. ಎದ್ದಾಗ ಮೈ ಹಗುರಾಗಿತ್ತು. ಆಮೇಲೆ ಸೆರಗು ಸರಿಪಡಿಸಿಕೊಂಡು, ಮುರಳೀಧರ ಸುಡುವುದನ್ನು ನಿಂತು ನೋಡಿದೆ. ಹುಲ್ಲು ಬೇಗ ಉರಿಯುತ್ತದೆ. ಇನ್ನೂ ಸ್ವಲ್ಪ ಹೊತ್ತು ಉರಿಯಬಾರದೇ ಅನ್ನಿಸಿತು.

ಇನ್ನು ಅವನಿಗೆ ಸುದ್ದಿ ಮುಟ್ಟಬೇಕಿತ್ತು. ನಮ್ಮ ಮದ್ರಾಸಿನಲ್ಲಿ ಯಾರಾದರೂ ಸತ್ತರೆ ಬೀದಿ ಗೋಡೆಗೆ ಅವರ ಚಿತ್ರವಿರುವ ಪೋಸ್ಟರ್ ಅಂಟಿಸುತ್ತಾರಲ್ಲ, ‘ಕಣ್ಣೀರ್ ಅಂಜಲಿ’ ಎಂದು ಮೇಲೆ ದಪ್ಪಕ್ಷರದಲ್ಲಿ ಹಾಕಿ? ಅದನ್ನೇ ಮಾಡಿಸಿದೆ. ಮುರಳೀಧರನ ಚಿತ್ರ, ಒಂದು ಕಡೆ ಉರಿಯುವ ದೀಪ, ಇನ್ನೊಂದು ಕಡೆ ಕಣ್ಣೀರು ಸುರಿಸುವ ಕಣ್ಣು. ಕೆಳಗೆ, ಹಿಮದಾಚೆಯ ಲೋಕಕ್ಕೆ ತೆರಳಿದ ನಮ್ಮ ಪ್ರೀತಿಯ ಮಾವನಿಗೆ ಎಂದು ತಮಿಳಿನಲ್ಲಿ ಬರೆಸಿ, ವೈಕುಂಠ ಸಮಾರಾಧನೆಯ ದಿನವನ್ನೂ ಪೆರಂಬೂರಿನ ವಿಳಾಸವನ್ನೂ ಹಾಕಿಸಿದೆ. ಪೆರಂಬೂರಿನಲ್ಲಿ ಒಂದನ್ನೂ ಅಂಟಿಸಲಿಲ್ಲ. ಅಷ್ಟೂ ವಡಪಳನಿಗೆ. ಆ ಶೆಡ್ಡಿನ ಗೇಟಿಗೆ, ಎದುರಿನ ಟೀ ಅಂಗಡಿಗೆ, ಬಸ್‌ಸ್ಟಾಪಿಗೆ. ಜಲಜಾ ಮುಂದೆ ನಿಂತು ಅಂಟಿಸಿದಳು. ಟೀ ಅಂಗಡಿಯವನು ಚಿತ್ರ ನೋಡಿ, ಇವರು ಈಗ ತಾನೇ ಇಲ್ಲಿ ಬಜ್ಜಿ ತಿಂದು ಹೋದರಲ್ಲ ಎಂದು ಹೌಹಾರಿದನಂತೆ.

ಸಮಾರಾಧನೆಯ ದಿನ ಮನೆ ತುಂಬ ಜನ. ಸೀತಾರಾಮ ಅವರೂ ಭಾನುವಾರದ ಚಾಪೆಯ ಭಕ್ತರೂ ಸಾಲಾಗಿ ಕೂತಿದ್ದರು. ಗೋಡೆಯ ಮೇಲೆ ಎರಡು ಚಿತ್ರ, ಎರಡಕ್ಕೂ ಶ್ರೀಗಂಧದ ಹಾರ. ಅತ್ತೆ ಮಗನ ಚಿತ್ರದ ಕೆಳಗೆ ಕೂತಿದ್ದರು. ಮುಖ ಶಾಂತವಾಗಿತ್ತು. ಏಳು ವರ್ಷದಲ್ಲಿ ಮೊದಲ ಸಲ ಫೋನಿನ ಕಡೆ ಕಿವಿ ಇಡದೆ ಕೂತಿದ್ದರು. ಒಬ್ಬಟ್ಟು ಬಡಿಸಿ ಆಗಿತ್ತು, ವಡೆ ಬಡಿಸುತ್ತಿದ್ದೆ. ಆಗ ನನ್ನ ಮಗಳು ಕೃತಿ ಬಾಗಿಲಿನಿಂದ ಓಡಿ ಬಂದಳು.

“ಅಮ್ಮಾ, ತಾತಾ ವಂದಿರುಕ್ಕಾರು!”

ಅವಳು ಮನೆಯಲ್ಲೂ ತಮಿಳೇ. ಯಾವ ತಾತ ಬಂದದ್ದು ಎಂದು ಯಾರೂ ಕೇಳಬೇಕಾಗಲಿಲ್ಲ. ಮುರಳೀಧರ ಹೊಸ್ತಿಲಲ್ಲಿ ನಿಂತಿದ್ದ. ಗಡ್ಡ ಬಿಟ್ಟಿದ್ದ, ಸ್ವೆಟರ್ ತೊಟ್ಟಿದ್ದ, ಎರಡೂ ಕೈ ಮೇಲೆತ್ತಿ ಆಶೀರ್ವಾದ ಮಾಡುವವನ ಹಾಗೆ ಹಿಡಿದಿದ್ದ. ಒಂದು ಕೈಯಲ್ಲಿ ಫೋಟೋ.

“ಅಕ್ಕಾ, ಹೋಗಿ ಬಂದೆ!” ಎಂದ. ಆಮೇಲೆ ಗೋಡೆಯ ಮೇಲಿದ್ದ ತನ್ನ ಚಿತ್ರ ಕಂಡಿತು. ಎತ್ತಿದ ಕೈ ತಾನಾಗಿಯೇ ಇಳಿಯಿತು.

ಒಬ್ಬರ ಎಲೆಯಲ್ಲೂ ಕೈ ಆಡಲಿಲ್ಲ. ಪುರೋಹಿತರು ಮೊದಲು ಎದ್ದರು.

“ಅಲ್ಲೇ ನಿಲ್ಲಿ. ಒಳಗೆ ಬರೋ ಹಾಗಿಲ್ಲ. ಸಂಸ್ಕಾರ ಆಗೋಗಿದೆ ನಿಮಗೆ. ಬದುಕಿ ಬಂದ್ರೆ ಮೊದಲಿಂದ ಹುಟ್ಟಬೇಕು. ಜಾತಕರ್ಮ, ನಾಮಕರಣ, ಅನ್ನಪ್ರಾಶನ, ಮುಂಜಿ, ಎಲ್ಲಾ ಮತ್ತೆ ಆಗಬೇಕು. ಅಲ್ಲಿವರೆಗೆ ನೀವು ಪ್ರೇತ.”

ಸಾಲಿನಲ್ಲಿ ಯಾರೋ ಕಿಸಕ್ಕನೆ ನಕ್ಕರು. ಐವತ್ತು ದಾಟಿದ ಗಡ್ಡದ ಮುರಳೀಧರನನ್ನು ತೊಟ್ಟಿಲಲ್ಲಿ ಹಾಕಿ ಕಿವಿಯಲ್ಲಿ ಹೆಸರು ಕೂಗುವುದನ್ನು ನಾನೂ ಊಹಿಸಿಕೊಂಡೆ. ಆ ಗಳಿಗೆಯ ಖುಷಿಯನ್ನು ನಾನು ಯಾರಿಗೂ ಬಿಟ್ಟುಕೊಡುವುದಿಲ್ಲ.

ಅತ್ತೆ ಎದ್ದು ಹೊಸ್ತಿಲವರೆಗೆ ಹೋದರು.

“ಸೀನು ಎಲ್ಲೋ?”

“ಅಕ್ಕ, ಫೋಟೋ ನೋಡು. ಹಿಮ...”

“ಸೀನು ಎಲ್ಲಿ ಅಂತ ಕೇಳ್ದೆ.”

“ಒಳಗಿದಾನೆ. ಬರ್ತಾನೆ. ಇನ್ನೂ ಸ್ವಲ್ಪ...”

ವಡೆಯ ಪಾತ್ರೆಯನ್ನು ಕೆಳಗಿಟ್ಟು ನಾನು ಮುಂದೆ ಬಂದೆ.

“ಮಾವ, ಥರ್ಮೋಕೋಲಿನ ಮೇಲೆ ನಿಂತ್ರೆ ಕಾಲಿಗೆ ಚಳಿ ಆಗುತ್ತಾ? ಕಲ್ಲುಪ್ಪು ಚುಚ್ಚಲ್ವಾ? ವಡಪಳನಿಲಿ ಸ್ವೆಟರ್ ಹಾಕ್ಕೊಂಡು ಎಷ್ಟು ಬೆವತ್ರಿ ಅಂತ ಜಲಜಾನೂ ನೋಡಿದಾಳೆ, ನಾನೂ ನೋಡಿದೀನಿ. ಹೇಳಿ, ಎಲ್ಲಿಂದ ಬಂದ್ರಿ? ಹಿಮದಾಚೆಯಿಂದ ಅಂದ್ರೆ ಸೀನುನ ಕರ್ಕೊಂಡ್ ಬನ್ನಿ. ವಡಪಳನಿಯಿಂದ ಅಂದ್ರೆ ಎಲ್ಲರ ಮುಂದೆ ಬಾಯಿ ಬಿಟ್ಟು ಹೇಳಿ.”

ಸೀತಾರಾಮ ಅವರು ಎದ್ದು ಬಂದು ಅವನ ಕೈಯಿಂದ ಫೋಟೋ ಕಿತ್ತುಕೊಂಡು ನೋಡಿದರು. ಬಂಡೆಯ ಮೂಲೆಯಲ್ಲಿ ಹಿಡಿ ಗಾತ್ರದ ತುಂಡೊಂದು ಮುರಿದು ಥರ್ಮೋಕೋಲಿನ ಬಿಳಿಯ ಕಾಳುಗಳು ಉದುರಿದ್ದವು. ಅವರು ಅದನ್ನು ಪಕ್ಕದವರಿಗೆ ಕೊಟ್ಟರು. ಫೋಟೋ ಸಾಲಿನ ಉದ್ದಕ್ಕೂ ಹೋಯಿತು. ಮುರಳೀಧರ ಎಲ್ಲರ ಮುಖವನ್ನೂ ನೋಡಿದ. ಕೊನೆಗೆ ಅಕ್ಕನ ಮುಖ ನೋಡಲಾಗದೆ ನೆಲ ನೋಡಿದ.

“ನಾನೆಲ್ಲೂ ಹೋಗಿಲ್ಲಕ್ಕ. ವಡಪಳನಿಲೇ ಇದ್ದೆ.”

“ಗೋಡೆ?”

“ಗೊತ್ತಿಲ್ಲ. ಇದೆ ಅಂತ ಓದಿದ್ದೆ.”

“ನನ್ನ ಸೀನು ಕಿತ್ತಳೆ ತೋಟ?”

ಅವನು ಅಳತೊಡಗಿದ. “ನೀನು ಅಳೋದ್ ನೋಡಕ್ಕಾಗ್ಲಿಲ್ಲ ಅಕ್ಕ, ಅದಕ್ಕೇ ಹೇಳ್ದೆ.”

ಇರಬಹುದು. ಮೊದಲ ಸಂಜೆ ಹಾಗೆಯೇ ಇದ್ದಿರಬಹುದು. ಆದರೆ ಏಳು ವರ್ಷ ನಾನು ಅಳದ ಹಾಗೆ ನೋಡಿಕೊಂಡವನು ಈಗ ನನ್ನ ಮುಂದೆ ಸುಖವಾಗಿ ಅಳುತ್ತಿದ್ದ. ನನಗೆ ಒಂದು ಚೂರೂ ಕರುಣೆ ಬರಲಿಲ್ಲ. ಭಕ್ತರು ಒಬ್ಬೊಬ್ಬರಾಗಿ ಊಟ ಅರ್ಧಕ್ಕೆ ಬಿಟ್ಟು ಎದ್ದರು. ಹೊಸ್ತಿಲಲ್ಲಿ ಅವನ ಮೈ ಸೋಕದ ಹಾಗೆ, ಮೈಲಿಗೆಯಾದೀತು ಎಂದು ಪಂಚೆ ಎತ್ತಿಕೊಂಡು, ಪಕ್ಕಕ್ಕೆ ಸರಿದು ದಾಟಿದರು. ಕೊನೆಗೆ ಅವನೂ ತಿರುಗಿ, ಸ್ವೆಟರಿನ ತೋಳಿನಲ್ಲಿ ಮೂಗು ಒರೆಸಿಕೊಂಡು, ಬೀದಿಗೆ ಇಳಿದು ಹೋದ. ಯಾರೂ ಕರೆಯಲಿಲ್ಲ. ನಾನು ಬಯಸಿದ್ದು ಇಷ್ಟೇ, ಇಷ್ಟೂ ನನಗೆ ಸಿಕ್ಕಿತ್ತು.

ಅತ್ತೆ ಇನ್ನೂ ಬಾಗಿಲಲ್ಲೇ ನಿಂತಿದ್ದರು. ಒಳಗೆ ಕರೆದುಕೊಂಡು ಬರೋಣ ಎಂದು ಹೋಗಿ ಕೈ ಹಿಡಿದೆ.

“ಇವನು ಬದುಕಿದಾನೆ ಅಂತ ನಿಂಗೆ ಮೊದಲೇ ಗೊತ್ತಿತ್ತಾ?”

“ಗೊತ್ತಿತ್ತು ಅತ್ತೆ.”

“ಸುಡೋ ದಿನ?”

“ಆಗಲೂ ಗೊತ್ತಿತ್ತು.”

ಅವರು ನನ್ನ ಕೈಯಿಂದ ಕೈ ಬಿಡಿಸಿಕೊಂಡರು. ನನ್ನ ಮುಖವನ್ನು ಎಂದೂ ನೋಡಿಲ್ಲದವರ ಹಾಗೆ ನೋಡಿದರು.

“ಬದುಕಿರೋನು ಅಂತ ಗೊತ್ತಿದ್ದೂ ಸುಟ್ಯಲ್ಲೇ. ಹಾಗಾದ್ರೆ ನನ್ನ ಸೀನುನೂ ಗೊತ್ತಿದ್ದೇ ಸುಟ್ಟಿದೀಯ.”

“ಅಯ್ಯೋ ಅತ್ತೆ, ಇಲ್ಲ. ಸೀನು ಹೋಗಿದಾನೆ. ಅವನು ನಿಜವಾಗಲೂ...”

“ಇವನಿಗೂ ಬೆಂಕಿ ಇಟ್ರಿ. ಇವನು ಬಂದ್ನಾ ಇಲ್ವಾ? ಈಗ ತಾನೇ ಬಾಗಿಲಲ್ಲಿ ನಿಂತಿದ್ನಾ ಇಲ್ವಾ?”

ನಾನು ಏನೇನೋ ಹೇಳಿದೆ. ಕನಸು ಸುಳ್ಳು ಎಂದೆ, ಹಡಗು ನಿಜ ಎಂದೆ, ಕಂಪನಿಯವರು ಎಂದೆ. ಅವರು ಕೇಳುತ್ತಿರಲಿಲ್ಲ. ಸ್ಟೂಲು ಎಳೆದುಕೊಂಡು ಹತ್ತಿ, ಮಗನ ಚಿತ್ರದ ಹಾರ ತೆಗೆದು ಕೆಳಗೆ ಹಾಕಿದರು. ಇಳಿದು ಬಂದು, ಜನ ಎದ್ದುಹೋದ ಸಾಲಿನ ಕೊನೆಯಲ್ಲಿ ಒಂದು ಹೊಸ ಎಲೆ ಹಾಸಿ, ಅದರ ಮುಂದೆ ಮಣೆ ಇಟ್ಟು, ನೀರಿನ ಲೋಟ ಇಟ್ಟರು. ಪಕ್ಕದಲ್ಲಿ ತಾವು ಕೂತು ಬಾಗಿಲ ಕಡೆ ಮುಖ ಮಾಡಿದರು.

“ಸೀನು ಬರೋ ಹೊತ್ತಿಗೆ ಆರಿ ಹೋಗಬಾರದು. ಬಿಸಿ ಬಿಸಿ ಬಡಿಸು,” ಎಂದರು.

ಬಡಿಸಿದೆ.